ಲಾವಂಚದ ಬುಡ ಅಗೆಯುವ ಮೊದಲು

ಬದುವಿನ ಲಾವಂಚದ ಬೇರಿಗೆ ಗಿರಾಕಿ ಬಂದರೆ ಅಗೆದು ಕೊಡಬಹುದಾ ಅಂತ ಈಚೆಗೆ ಕೆಲವರು ನನ್ನಲ್ಲಿ ಕೇಳಿದ್ದಾರೆ. ಬೇರಿಗೆಂದೇ ಸಮತಟ್ಟಿನಲ್ಲಿ ಬೆಳೆದದ್ದಾದರೆ ಧಾರಾಳ ಕೊಡಿ. ಇಳಿಜಾರಿನ ಬದುವಿನದ್ದನ್ನು ಮಾತ್ರ ಮುಟ್ಟಬೇಡಿ.

ಲಾವಂಚ (ಕೆಲವೆಡೆ ಮುಡಿವಾಳ) ಗರಿಕೆಯಂತೆ ಹಬ್ಬುವುದಿಲ್ಲ. ಮಜ್ಜಿಗೆ ಹುಲ್ಲಿನ ಹಾಗೆ ಒಂದೇ ಬುಡದಲ್ಲಿ ಗುಂಪು ಕಟ್ಟುತ್ತದೆ. ಸಾಲಿನಲ್ಲಿ ಬುಡಕ್ಕೆ ಬುಡ ಕೂಡಿತೆಂದರೆ ಮಳೆನೀರಿಗೆ ಜರಡಿ ಹಿಡಿದಂತೆ. ನೀರು ಓಟ ಬಿಟ್ಟು ನಡೆಯುತ್ತದೆ, ಹೊತ್ತು ತಂದ ಮಣ್ಣನ್ನು ಸಾಲಿನ ಮೇಲ್ಬದಿಯಲ್ಲೇ ಇಳಿಸುತ್ತದೆ. ನನಗೆ ಭಾರೀ ಇಷ್ಟವಾದದ್ದು ಮುಂದಿನ ಸಂಗತಿ. ಬುಡ ಹೂತುಹೋದರೂ ಲಾವಂಚ ಸಾಯದು. ಹೂತ ಗೆಣ್ಣಿನಿಂದಲೇ ಹೊಸ ಬೇರು, ಮರಿ ಹೊರಡುತ್ತವೆ. ಮಣ್ಣು ಏರಿದಷ್ಟೂ ಹುಲ್ಲು ಏರುತ್ತದೆ. ಕೆಲವು ವರ್ಷಗಳಲ್ಲಿ ಕಲ್ಲು ಕಟ್ಟದೆಯೇ ಮೆಟ್ಟಿಲು ಏಳುತ್ತದೆ. ಬೇರು ನೇರ ಕೆಳಗೆ 3 ಮೀಟರಿನವರೆಗೂ ಇಳಿಯುವುದರಿಂದ ಪಕ್ಕದ ಬೆಳೆಗೆ ಪೈಪೋಟಿ ಕಡಿಮೆ.

ಬೇಸಿಗೆಯಲ್ಲಿ ಆ ಬುಡ ಕಿತ್ತರೆ ಉಳಿಯುವುದು ಸಡಿಲ ಮಣ್ಣಿನ ಚರಂಡಿ. ಮೊದಲ ದೊಡ್ಡ ಮಳೆಗೇ ಅದು ಕೊರಕಲು.

ಗುಂಡ್ಲುಪೇಟೆ ಕಡೆಯ ರೈತರು ಹಿಂದಿನಿಂದಲೂ ಇದನ್ನು ಹೊಲದ ಗಡಿಗೆ ನೆಟ್ಟವರು. 1950ರ ದಶಕದಲ್ಲಿ ಫಿಜಿಯ ಕಬ್ಬಿನ ಗುಡ್ಡಗಳಲ್ಲಿ ಜಾನ್ ಗ್ರೀನ್‌ಫೀಲ್ಡ್ ಇದರ ಸಾಲು ಹಾಕಿಸಿದರು. 1980ರ ದಶಕದಲ್ಲಿ ವಿಶ್ವಬ್ಯಾಂಕಿನವರು ಅದೇ ಪಾಠವನ್ನು ಭಾರತಕ್ಕೆ ತಂದರು. ನಮ್ಮ ಹುಲ್ಲು ಸಮುದ್ರ ದಾಟಿ ಬಂದ ಮೇಲೆ ನಮಗೆ ಕಂಡಿತು!

ನೆಡುವುದಕ್ಕೆ ಮುಂಗಾರು ಹಿಡಿಯಬೇಕು. ಬೀಜ ಉದುರಿಸಿ ಹರಡದ ತಳಿಯ ಬುಡ ಒಡೆದು, 2–3 ಮರಿಯಿರುವ ಕಡ್ಡಿಗಳನ್ನು 10–15 ಸೆಂ.ಮೀ. ಅಂತರದಲ್ಲಿ ಇಳಿಜಾರಿಗೆ ಅಡ್ಡಲಾಗಿ, ಒಂದೇ ಮಟ್ಟದಲ್ಲಿ ನೆಡಿ. ಮಟ್ಟ ತಪ್ಪಿದರೆ ನೀರು ತಗ್ಗಿನ ಕಡೆ ಸೇರಿ ಅಲ್ಲೇ ದಾರಿ ಮಾಡುತ್ತದೆ. ಒಂದು ಕಡ್ಡಿ ಸತ್ತರೂ ಕೂಡಲೇ ಎಡೆ ತುಂಬಿಸಿ. ಎಡೆಯಲ್ಲಿ ನುಗ್ಗುವ ನೀರಿಗೆ ರಭಸ ಹೆಚ್ಚು. ಸಾಲು ಕೂಡಲು ಎರಡು ಮಳೆಗಾಲವಾದರೂ ಬೇಕು. ಅಲ್ಲಿವರೆಗೆ ದನ ಬಿಡಬೇಡಿ, ಎಳೆ ಗರಿ ಅವಕ್ಕೆ ರುಚಿ. ಆಮೇಲೆ ಮೊಣಕಾಲೆತ್ತರಕ್ಕೆ ಸವರುತ್ತಿದ್ದರೆ ಮರಿ ಹೆಚ್ಚುತ್ತದೆ, ಸವರಿದ್ದು ಗಿಡದ ಬುಡಕ್ಕೆ ಮುಚ್ಚಿಗೆಯಾಗುತ್ತದೆ. ನೆರಳು ಇದಕ್ಕೆ ಆಗದು. ಅಡಿಕೆ ತೋಟದ ಒಳಗೆ ನೆಟ್ಟು ಬೈಯಬೇಡಿ. ಬಿಸಿಲು ಬೀಳುವ ಗುಡ್ಡೆಗೆ ಸರಿ.

ಬೇರಿನ ದುಡ್ಡೂ ಬೇಕೆಂದರೆ ಸಡಿಲ, ಮರಳು ಮಣ್ಣಿನ ಸಮತಟ್ಟಿನಲ್ಲಿ ಬೇರೆಯೇ ಪಾತಿ ಮಾಡಿ. 15–18 ತಿಂಗಳಿಗೆ ಅಗೆಯಬಹುದು. ಬೇರು ಕತ್ತರಿಸಿದ ಮೇಲೆ ಉಳಿಯುವ ಬುಡದ ಕಡ್ಡಿಗಳನ್ನು ನೆರಳಲ್ಲಿ ಒದ್ದೆ ಗೋಣಿ ಮುಚ್ಚಿಡಿ, ಬದುವಿನ ಎಡೆ ತುಂಬಲು ಅವೇ ಸಾಕು.