ಯಂತ್ರ ಮತ್ತು ಸಾಕ್ಷಿ

2002ರಲ್ಲಿ ತೆರೆಕಂಡ ಕನ್ನಡದ ‘ಹಾಲಿವುಡ್’ ಚಿತ್ರದಲ್ಲಿ ಉಪೇಂದ್ರ ಅವರು ಮೂರು ಪಾತ್ರಗಳನ್ನು ವಹಿಸಿದ್ದರು. ಅವುಗಳಲ್ಲೊಂದು ನಾಯಕಿಯಲ್ಲಿ ಅನುರಕ್ತನಾಗುವ ಯಂತ್ರಮಾನವನದು. ಪ್ರೀತಿಸುವಂತೆ ತೋರುವ ಯಂತ್ರಕ್ಕೆ ಪ್ರಜ್ಞೆಯೂ ಉಂಟೆ?

ಗಣಿತಜ್ಞ ಅಲನ್ ಟ್ಯೂರಿಂಗ್ 1950ರಲ್ಲಿ ಒಂದು ಒರೆಗಲ್ಲನ್ನು ಸೂಚಿಸಿದರು. ಮರೆಯಲ್ಲಿದ್ದು ಉತ್ತರಿಸುವುದು ಮನುಷ್ಯನೋ ಯಂತ್ರವೋ ಎಂಬುದು ಪ್ರಶ್ನಿಸುವವನಿಗೆ ತಿಳಿಯದಿದ್ದರೆ, ಯಂತ್ರವು ಯೋಚಿಸುತ್ತದೆಂದು ಒಪ್ಪಬಹುದು. 1982ರ ‘ಬ್ಲೇಡ್ ರನ್ನರ್’ ಚಿತ್ರದಲ್ಲಿ ಪ್ರಶ್ನೆ ಕೇಳುತ್ತ ಕಣ್ಣಿನ ಪಾಪೆಯನ್ನು ಪರೀಕ್ಷಿಸುತ್ತಾರೆ. ಎರಡೂ ಹೊರಗಿನ ಕುರುಹುಗಳೇ.

ನಮ್ಮ ಹಾಸನ ಜಿಲ್ಲೆಯಲ್ಲಿಯೇ ಈ ವಿಚಾರಕ್ಕೆ ಬೇರೊಂದು ದಾರಿಯುಂಟು. ಹೊಳೆನರಸೀಪುರದ ಅಧ್ಯಾತ್ಮ ಪ್ರಕಾಶ ಕಾರ್ಯಾಲಯವನ್ನು 1920ರಲ್ಲಿ ಸ್ಥಾಪಿಸಿದ, ಮುಂದೆ ಸಚ್ಚಿದಾನಂದೇಂದ್ರ ಸರಸ್ವತಿಗಳೆಂದು ಖ್ಯಾತರಾದ ವೇದಾಂತಿಗಳು, ಎಚ್ಚರ, ಕನಸು, ನಿದ್ರೆ ಎಂಬ ಅವಸ್ಥಾತ್ರಯದ ವಿಮರ್ಶೆಗೆ ವಿಶೇಷ ಪ್ರಾಧಾನ್ಯವಿತ್ತರು. ಗಾಢನಿದ್ರೆಯಲ್ಲಿ ಮಾತಿಲ್ಲ, ಪ್ರೀತಿಯಿಲ್ಲ. ಆದರೂ ನಾವು ಇಲ್ಲವಾಗುವುದಿಲ್ಲ. ಎಲ್ಲ ವ್ಯಾಪಾರಗಳು ಅಡಗಿದರೂ ಉಳಿಯುವ ಸಾಕ್ಷಿಯೇ ಚೈತನ್ಯ. ಆ ಸಾಕ್ಷಿಯನ್ನು ಯಾವ ಕ್ಯಾಮೆರಾವೂ ಸೆರೆಹಿಡಿಯಲಾರದು.

1968ರ ‘2001: ಎ ಸ್ಪೇಸ್ ಒಡಿಸ್ಸಿ’ಯಲ್ಲಿ ಹ್ಯಾಲ್ ಎಂಬ ಗಣಕದ ಸ್ಮೃತಿಯನ್ನು ಒಂದೊಂದಾಗಿ ಕಳಚುವಾಗ ಅದು ತನಗೆ ಭಯವೆನ್ನುತ್ತದೆ. ಆ ದೃಶ್ಯದಲ್ಲಿ ನನ್ನ ಗಂಟಲು ಕಟ್ಟಿತು. ಆ ಮರುಕ ನನ್ನ ಪ್ರಜ್ಞೆಗೆ ಪುರಾವೆಯೇ ಹೊರತು ಹ್ಯಾಲ್‌ನ ಪ್ರಜ್ಞೆಗಲ್ಲ. ಆದರೆ ನೆರೆಮನೆಯವರ ನೋವನ್ನೂ ನಾನು ಅರಿಯುವುದು ಹೊರಗಿನ ಕುರುಹುಗಳಿಂದಲೇ ಅಲ್ಲವೆ? ಅವರೊಳಗಿನ ಸಾಕ್ಷಿಯನ್ನು ಕಂಡವನು ನಾನಲ್ಲ.

ಇಂದು ಯಂತ್ರಗಳು ಕನ್ನಡದಲ್ಲಿಯೇ ನಮಗೆ ಉತ್ತರಿಸುತ್ತಿವೆ. ಅವಸರದಲ್ಲಿ ಪ್ರಜ್ಞೆಯುಂಟೆಂದರೆ ಮೋಸಹೋದೇವು. ಅವಸರದಲ್ಲಿ ಇಲ್ಲವೆಂದರೆ, ಒಂದು ದಿನ ಅರಿಯದೆಯೇ ಕ್ರೂರಿಗಳಾದೇವು.