ಮೇಷ್ಟ್ರು ಕೊಟ್ಟ ಹುಟ್ಟುಹಬ್ಬ

ಮೇ 31 ಬಂತೆಂದರೆ ನಮ್ಮ ಸರ್ಕಾರಿ ಕಚೇರಿಗಳಲ್ಲಿ ಹಾರ, ಶಾಲು, ಮೈಸೂರು ಪೇಟಗಳ ಸುಗ್ಗಿ. ಉಳಿದ ತಿಂಗಳುಗಳಲ್ಲಿ ಒಬ್ಬಿಬ್ಬರು ನಿವೃತ್ತರಾಗುವ ಕಡೆಯೂ ಅಂದು ಸಾಲು ಸಾಲು ಬೀಳ್ಕೊಡುಗೆ. ಅರವತ್ತು ತುಂಬಿದ ತಿಂಗಳ ಕೊನೆಯ ದಿನ ನೌಕರ ನಿವೃತ್ತನಾಗುತ್ತಾನೆ. ಆದರೆ ಒಂದನೇ ತಾರೀಖಿಗೆ ಹುಟ್ಟಿದವನು ಹಿಂದಿನ ತಿಂಗಳ ಕೊನೆಗೇ ಮನೆಗೆ ಹೋಗಬೇಕು. ಹಾಗಾಗಿ ಜೂನ್ 1ರವರೆಲ್ಲ ಮೇ 31ಕ್ಕೆ ಗಂಟುಮೂಟೆ ಕಟ್ಟುತ್ತಾರೆ. ಅಷ್ಟೊಂದು ತಾಯಂದಿರು ಒಂದೇ ದಿನ ಹೆತ್ತರೇ? ಹೆತ್ತದ್ದು ಎಂದೋ, ಬರೆದದ್ದು ಮೇಷ್ಟ್ರು.

ಹಳ್ಳಿಗಳಲ್ಲಿ ಹುಟ್ಟಿದ ದಿನದ ಲೆಕ್ಕ ಇರಲಿಲ್ಲವೆಂದಲ್ಲ. 'ಕಾರಹುಣ್ಣಿಮೆ ಕಳೆದು ಮೂರನೇ ದಿನ', 'ಕೆರೆ ಕೋಡಿ ಬಿದ್ದ ವರ್ಷ' ಎಂದು ಅವ್ವಂದಿರು ಖಚಿತವಾಗಿಯೇ ಹೇಳುತ್ತಿದ್ದರು. ಶಾಲೆಯ ದಾಖಲಾತಿ ರಿಜಿಸ್ಟರಿಗೆ ಅದು ಸಾಲದು. ಬಲಗೈಯನ್ನು ತಲೆಯ ಮೇಲಿಂದ ತಂದು ಎಡಗಿವಿ ಮುಟ್ಟು ಎನ್ನುವರು; ಕಿವಿ ಸಿಕ್ಕಿತೋ, ಒಂದನೇ ತರಗತಿಗೆ ವಯಸ್ಸಾಯಿತು. ಹೆಡ್‌ಮಾಸ್ತರು ಅಂದಾಜಿನ ವರ್ಷಗಳನ್ನು ಕಳೆದು, ಶಾಲೆ ಶುರುವಾಗುವ ಜೂನ್ ತಿಂಗಳ ಮೊದಲ ತಾರೀಖು ಹಾಕಿದರೆ ತಕರಾರೇ ಇಲ್ಲ. 'ಒಂದು ವರ್ಷ ಕಮ್ಮಿ ಬರೀರಿ ಸಾರ್, ನಾಳೆ ನೌಕರಿಗೆ ಅನುಕೂಲ' ಎನ್ನುವ ಜಾಣ ಅಪ್ಪಂದಿರೂ ಇದ್ದರು. 2022ರ ಆಗಸ್ಟ್ 3ರಂದು ದಾವಣಗೆರೆಯಲ್ಲಿ ಎಪ್ಪತ್ತೈದರ ಸಂಭ್ರಮ ಕಂಡ ಸಿದ್ದರಾಮಯ್ಯನವರು ಕೂಡ ತಮ್ಮ ಜನ್ಮದಿನ ಮೇಷ್ಟ್ರು ಬರೆದದ್ದು ಎಂದೇ ಹೇಳುತ್ತಾರೆ.

ಕಾನೂನು ಇರಲಿಲ್ಲವೇ? 1886ರ ಕಾಯ್ದೆಯಲ್ಲಿ ಜನನದ ನೋಂದಣಿ ಅವರವರ ಇಚ್ಛೆಗೆ ಬಿಟ್ಟದ್ದು. 1969ರ ಜನನ ಮರಣ ನೋಂದಣಿ ಕಾಯ್ದೆ ಅದನ್ನು ಕಡ್ಡಾಯ ಮಾಡಿತು. ಆದರೆ ಕೇಳುವವರಿಲ್ಲದ ಪತ್ರವನ್ನು ಮಾಡಿಸುವವರು ಯಾರು? ಶಾಲೆ ಬಾಯಿಮಾತನ್ನು ನಂಬಿತು. ಮುಂದಿನವರೆಲ್ಲ ಎಸ್ಸೆಸ್ಸೆಲ್ಸಿ ಅಂಕಪಟ್ಟಿಯನ್ನು ನಂಬಿದರು. ಸೇವಾ ಪುಸ್ತಕ, ಪಾನ್, ಪಾಸ್‌ಪೋರ್ಟ್ ಎಲ್ಲವೂ ಅದರ ನಕಲು. ಮೇಷ್ಟ್ರ ಅಂದಾಜು ಹೀಗೆ ಸಾಕ್ಷಿಯಾಯಿತು.

2010ರಲ್ಲಿ ಆಧಾರ್ ಬಂದಾಗ ಕಾಗದವಿಲ್ಲದವರ ವಯಸ್ಸನ್ನಷ್ಟೇ ಕೇಳಿ ಬರೆದುಕೊಂಡರು. ವಯಸ್ಸು ಮಾತ್ರ ಗೊತ್ತಿದ್ದರೆ ಕಂಪ್ಯೂಟರ್ ಹಾಕಿಕೊಳ್ಳುವ ತಾರೀಖು ಜನವರಿ 1. ಒಬ್ಬನೇ ಮನುಷ್ಯನಿಗೆ ಅವ್ವನದೊಂದು, ಶಾಲೆಯದೊಂದು, ಆಧಾರಿನದೊಂದು ಹುಟ್ಟುದಿನ. ಪಿಎಫ್ ಹಣ ಬಿಡಿಸಲು ಹೋದಾಗಲೋ ಪಿಂಚಣಿ ಅರ್ಜಿ ಹಾಕಿದಾಗಲೋ ಅವು ಎದುರುಬದುರಾಗುತ್ತವೆ.

ಈ ತಿಕ್ಕಾಟ ಸುಪ್ರೀಂ ಕೋರ್ಟಿಗೂ ಹೋಯಿತು. ಹರಿಯಾಣದ ಕಡೆಯ ಅಪಘಾತ ಪ್ರಕರಣವೊಂದರಲ್ಲಿ ಸತ್ತವರ ಜನ್ಮದಿನ ಶಾಲಾ ಪತ್ರದಲ್ಲಿ 1970ರ ಅಕ್ಟೋಬರ್ 7, ಆಧಾರಿನಲ್ಲಿ 1969ರ ಜನವರಿ 1. ಪರಿಹಾರದ ಲೆಕ್ಕ ನಿಲ್ಲುವುದೇ ವಯಸ್ಸಿನ ಮೇಲೆ. ಹೈಕೋರ್ಟ್ ಆಧಾರ್ ಹಿಡಿದು ನಲವತ್ತೇಳು ಎಂದಿತು. 2024ರ ಅಕ್ಟೋಬರ್‌ನಲ್ಲಿ ಸುಪ್ರೀಂ ಕೋರ್ಟ್ ಶಾಲೆಯ ಕಾಗದವನ್ನೇ ಎತ್ತಿಹಿಡಿದು ನಲವತ್ತೈದು ಎಂದಿತು. ಅದೇ ಕೋರ್ಟ್ 1988ರಲ್ಲಿ, ಶಾಲಾ ರಿಜಿಸ್ಟರಿನ ತಾರೀಖನ್ನು ಹೇಳಿದವರು ಯಾರೆಂದು ಸಾಕ್ಷ್ಯ ಸಿಗದಿದ್ದರೆ ಅದಕ್ಕೆ ಬೆಲೆಯಿಲ್ಲ ಎಂದಿತ್ತು!

ಹಾಗಾದರೆ ತಪ್ಪು ತಾರೀಖನ್ನು ತಿದ್ದಿಸಬಾರದೇ? ಅದು ಸುಲಭವಲ್ಲ. ಕಚೇರಿಗಳ ಗುಮಾನಿ ಅದಕ್ಕೊಂದು ಕಾರಣ, ಅದು ಸುಳ್ಳು ಗುಮಾನಿಯೂ ಅಲ್ಲ. ನಿವೃತ್ತಿ ಹತ್ತಿರವಾದಾಗ ಕೆಲವರಿಗೆ ನಿಜವಾದ ಜನ್ಮದಿನ ನೆನಪಾಗುತ್ತಿತ್ತು. ಅದಕ್ಕೇ ಕರ್ನಾಟಕ 1974ರಲ್ಲಿ ಪ್ರತ್ಯೇಕ ಕಾಯ್ದೆ ಮಾಡಿ, ಸೇವಾ ಪುಸ್ತಕದಲ್ಲಿ ವಯಸ್ಸು ನಮೂದಾದ ಮೂರು ವರ್ಷದೊಳಗೆ ಅರ್ಜಿ ಹಾಕಬೇಕೆಂದು ಗೆರೆ ಎಳೆಯಿತು. ಸೇನಾ ಮುಖ್ಯಸ್ಥರಾಗಿದ್ದ ವಿ.ಕೆ. ಸಿಂಗ್ ಅವರಿಗೂ 1950 ಮತ್ತು 1951ರ ನಡುವಿನ ಜಗಳದಲ್ಲಿ ಗೆಲುವು ಸಿಗಲಿಲ್ಲ. 2012ರ ಫೆಬ್ರುವರಿಯಲ್ಲಿ ಅರ್ಜಿ ಹಿಂದಕ್ಕೆ ಪಡೆದರು. ನಿಜಕ್ಕೂ ತಪ್ಪಾಗಿರುವ ಬಡವನೂ ಇದೇ ಜರಡಿಯಲ್ಲಿ ಸಿಕ್ಕಿಬೀಳುತ್ತಾನೆ ಎಂಬುದು ನನ್ನ ತಕರಾರು. ಆಧಾರಿನಲ್ಲಿ ಹುಟ್ಟಿದ ದಿನ ತಿದ್ದಲು ಸಾಮಾನ್ಯವಾಗಿ ಒಂದೇ ಅವಕಾಶ. ಅಂಕಪಟ್ಟಿ ನೋಡದೆ ಸೈಬರ್ ಸೆಂಟರಿನಲ್ಲಿ ಆತುರಪಟ್ಟರೆ ಅದೂ ಹೋಯಿತು.

2023ರ ಅಕ್ಟೋಬರ್ 1ರಿಂದ ಈಚೆಗೆ ಹುಟ್ಟಿದವರಿಗೆ ಮೇಷ್ಟ್ರ ಹಂಗಿಲ್ಲ. ಶಾಲೆಗೂ ಪಾಸ್‌ಪೋರ್ಟಿಗೂ ಜನನ ಪ್ರಮಾಣಪತ್ರವೇ ಆಧಾರ. ಅದರಲ್ಲೂ ತಪ್ಪು ನುಸುಳಬಹುದೆಂದು 1969ರ ಕಾಯ್ದೆಯೇ ಊಹಿಸಿ ದಾರಿ ಇಟ್ಟಿದೆ: ಮೂಲ ನಮೂದನ್ನು ಮುಟ್ಟುವಂತಿಲ್ಲ, ನೋಂದಣಾಧಿಕಾರಿ ಅಂಚಿನಲ್ಲಿ ಸರಿಯಾದದ್ದನ್ನು ಬರೆದು, ಸಹಿ ಮಾಡಿ, ತಾರೀಖು ಹಾಕಬೇಕು.