ಕೈಯಲ್ಲಿ ಹಿಡಿಯುವ ಗೇಮಿಂಗ್ ಪಿಸಿಗೆ ಯಾವ ಆಟ ಒಳ್ಳೆಯದು? ಕಣ್ಣು, ಹೆಬ್ಬೆರಳು, ನಿದ್ದೆಯ ಲೆಕ್ಕ

ಈ ವಾರ ಬಿಪಿ, ಶುಗರ್ ಪಕ್ಕಕ್ಕಿಟ್ಟು ಮನೆಯ ಹುಡುಗ ಹುಡುಗಿಯರ ಕೈಗೆ ಬಂದಿರುವ ಒಂದು ಯಂತ್ರದ ಬಗ್ಗೆ ಮಾತಾಡೋಣ.

ಕಾಲೇಜಿಗೆ ಹೋಗುವ ಮಗನೋ ಮಗಳೋ ಮನೆಯಲ್ಲಿದ್ದರೆ, ಅಥವಾ ವಾಳುಜ್‌ನಲ್ಲಿ ಹೊಸದಾಗಿ ಕೆಲಸಕ್ಕೆ ಸೇರಿದ ತಮ್ಮ ನಿಮ್ಮ ಜೊತೆಗಿದ್ದರೆ, ಸ್ಟೀಮ್ ಡೆಕ್, ಆರ್‌ಒಜಿ ಆಲೈ, ಲೀಜನ್ ಗೋ ಎಂಬ ಹೆಸರುಗಳು ಕಿವಿಗೆ ಬಿದ್ದಿರಬಹುದು. ನೋಡಲು ಆಟಿಕೆಯಂತಿದ್ದರೂ ಇವು ಪೂರ್ತಿ ಕಂಪ್ಯೂಟರುಗಳು. ನಡುವೆ 7ರಿಂದ 8.8 ಇಂಚಿನ ಪರದೆ, ಎರಡು ಬದಿಗೆ ಬಟನ್ನು ಮತ್ತು ಹೆಬ್ಬೆರಳಿನಿಂದ ತಿರುಗಿಸುವ ಸ್ಟಿಕ್ಕು. ಸ್ಟೀಮ್ ಡೆಕ್ ಬಂದದ್ದು 2022ರ ಫೆಬ್ರವರಿಯಲ್ಲಿ. ಆಲೈ ಭಾರತದ ಅಂಗಡಿಗೆ ಬಂದದ್ದು 2023ರ ಜುಲೈನಲ್ಲಿ, 69,990 ರೂಪಾಯಿಗೆ. ನಮ್ಮ ಬಹಳ ಮನೆಗಳಲ್ಲಿ ಅದು ಹಲವು ತಿಂಗಳ ಉಳಿತಾಯದ ಹಣ.

ಆದರೂ ಹುಡುಗರು ಇದನ್ನೇ ಯಾಕೆ ಕೇಳುತ್ತಾರೆ ಅನ್ನುವುದು ಅರ್ಥವಾಗುವಂಥದ್ದೇ. ಒಂದೂವರೆ ಖೋಲಿಯ ಮನೆಯಲ್ಲಿ ಟೇಬಲ್ಲು ಕುರ್ಚಿ ಹಾಕಿ ಕಂಪ್ಯೂಟರ್ ಇಡಲು ಜಾಗವಿಲ್ಲ. ರಾತ್ರಿ ಪಾಳಿ ಮುಗಿಸಿ ಬಂದ ಅಪ್ಪ ಹಗಲು ಮಲಗಿರುತ್ತಾರೆ, ಟಿವಿ ಹಾಕುವಂತಿಲ್ಲ. ವರ್ಷಕ್ಕೆರಡು ಸಲ ಮನಮಾಡದಲ್ಲಿ ಕರ್ನಾಟಕ ಎಕ್ಸ್‌ಪ್ರೆಸ್ ಹತ್ತಿ ಕಲಬುರಗಿ, ಯಾದಗಿರಿ, ರಾಯಚೂರಿನ ಕಡೆ ಊರಿಗೆ ಹೋಗುವಾಗ ಹೊತ್ತು ಕಳೆಯಬೇಕು. ಕೈಯಲ್ಲಿ ಹಿಡಿಯುವ ಯಂತ್ರ ಈ ಎಲ್ಲಕ್ಕೂ ಒಗ್ಗುತ್ತದೆ.

ಕೊಳ್ಳುವುದು ಬಿಡುವುದು ನಿಮ್ಮ ಕಿಸೆಗೆ ಬಿಟ್ಟ ಮಾತು. ಆರೋಗ್ಯದ ಕಡೆಯಿಂದ ನೋಡಿದರೆ ಯಂತ್ರಕ್ಕಿಂತ ಅದರಲ್ಲಿ ಹಾಕುವ ಆಟದ ಆಯ್ಕೆಯೇ ದೊಡ್ಡದು. ಯೂಟ್ಯೂಬಿನಲ್ಲಿ "ಟಾಪ್ 10 ಆಟ" ಎಂದು ಹೇಳುವವರು ಗ್ರಾಫಿಕ್ಸ್ ಎಷ್ಟು ಚೆಂದ, ಎಷ್ಟು ವೇಗ ಅನ್ನುವುದನ್ನಷ್ಟೇ ಹೇಳುತ್ತಾರೆ. ಮನೆಯವರು ಕೇಳಬೇಕಾದ ಮಾತು ಬೇರೆ. ಅಕ್ಷರ ಕಾಣುತ್ತದೆಯೇ? ಹೆಬ್ಬೆರಳು ಎಷ್ಟು ದುಡಿಯಬೇಕು? ಮತ್ತು ಎಲ್ಲಕ್ಕಿಂತ ಮುಖ್ಯವಾಗಿ, ಆಟವನ್ನು ನಡುವೆ ಕೆಳಗಿಡಲು ಬರುತ್ತದೆಯೇ?

ಮೊದಲು ಅಕ್ಷರ. ಕಂಪ್ಯೂಟರ್ ಆಟಗಳಲ್ಲಿ ಬಹಳಷ್ಟನ್ನು ದೊಡ್ಡ ಪರದೆಗೆಂದು ಮಾಡಿರುತ್ತಾರೆ. ಅದನ್ನೇ 7 ಇಂಚಿಗೆ ಇಳಿಸಿದರೆ ಬರಹ ಸಾಸಿವೆಯಷ್ಟಾಗುತ್ತದೆ. ಮಗು ಯಂತ್ರವನ್ನು ಮೂಗಿನ ಹತ್ತಿರ ತರುತ್ತದೆ, ಕತ್ತು ಬಾಗುತ್ತದೆ, ಕಣ್ಣು ಮಿಟುಕಿಸುವುದು ಕಡಿಮೆಯಾಗಿ ಉರಿ ಶುರುವಾಗುತ್ತದೆ. ಸ್ಟೀಮ್ ಡೆಕ್ ಮಾಡುವ ವಾಲ್ವ್ ಕಂಪನಿ ಇದಕ್ಕೊಂದು ಅಳತೆ ಇಟ್ಟಿದೆ. ಪರದೆಯಿಂದ 30 ಸೆಂಟಿಮೀಟರ್ ದೂರದಲ್ಲಿ ಬರಹ ಸುಲಭವಾಗಿ ಓದಲು ಬರಬೇಕು, ಅತಿ ಚಿಕ್ಕ ಅಕ್ಷರವೂ 9 ಪಿಕ್ಸೆಲ್‌ಗಿಂತ ಕಡಿಮೆ ಎತ್ತರ ಇರಬಾರದು. ಡೆಕ್‌ನ ಪರದೆಯ ಮೇಲೆ ಅದು ಸುಮಾರು 1 ಮಿಲಿಮೀಟರ್. ಇದು ತೀರಾ ಕನಿಷ್ಠ ಅಳತೆ. ಈ ಪರೀಕ್ಷೆ ಮತ್ತು ಇನ್ನು ಕೆಲವನ್ನು ದಾಟಿದ ಆಟಕ್ಕೆ ಸ್ಟೀಮ್ ಅಂಗಡಿಯಲ್ಲಿ 'ವೆರಿಫೈಡ್' ಎಂಬ ಹಸಿರು ಗುರುತು ಸಿಗುತ್ತದೆ. 'ಪ್ಲೇಯಬಲ್' ಎಂಬ ಹಳದಿ ಗುರುತಿದ್ದರೆ ಕಾರಣವನ್ನು ತೆರೆದು ನೋಡಿ, ಎಷ್ಟೋ ಸಲ ಅಲ್ಲಿ ಅಕ್ಷರ ಚಿಕ್ಕದು ಎಂದೇ ಬರೆದಿರುತ್ತದೆ. ಆಲೈ, ಲೀಜನ್ ಗೋ ಇರುವವರೂ ಈ ಗುರುತು ನೋಡಿಯೇ ಕೊಂಡರೆ ಲಾಭ, ಪರದೆಯ ಗಾತ್ರದಲ್ಲಿ ಅಂಥ ಅಂತರವೇನಿಲ್ಲ.

ಹೀಗಿದ್ದೂ ಓದಲು ಬಾರದಿದ್ದರೆ ಹಣ ಹೋಯಿತೆಂದು ಹಲುಬಬೇಕಿಲ್ಲ. ಕೊಂಡು 14 ದಿನ ದಾಟಿರದೆ, ಆಡಿದ್ದು 2 ಗಂಟೆಗಿಂತ ಕಡಿಮೆ ಇದ್ದರೆ ಸ್ಟೀಮ್ ಹಣ ವಾಪಸು ಕೊಡುತ್ತದೆ. ಆ ಎರಡು ಗಂಟೆಯಲ್ಲಿ ನೀವೇ ಒಮ್ಮೆ ಯಂತ್ರ ಹಿಡಿದು, ಮೊಣಕೈ ಮಡಚಿ, ಆ ದೂರದಿಂದ ಓದಿ ನೋಡಿ. ನಲವತ್ತು ದಾಟಿದ ನಿಮ್ಮ ಕಣ್ಣಿಗೆ ಸಲೀಸಾದರೆ ಮಗುವಿಗೂ ತೊಂದರೆಯಿಲ್ಲ.

ಕಣ್ಣಿನ ಮಾತು ಬಂದಾಗ ಹೊರಗಿನ ಬೆಳಕನ್ನು ಬಿಡುವಂತಿಲ್ಲ. ಚೀನಾದ ಗುವಾಂಗ್‌ಝೌನಲ್ಲಿ ಒಂದನೇ ತರಗತಿಯ ಮಕ್ಕಳಿಗೆ ದಿನಕ್ಕೆ 40 ನಿಮಿಷ ಹೆಚ್ಚಾಗಿ ಬಯಲಲ್ಲಿ ಆಡಿಸಿ ಮೂರು ವರ್ಷ ನೋಡಿದರು. 2015ರಲ್ಲಿ ಪ್ರಕಟವಾದ ಆ ಅಧ್ಯಯನದಲ್ಲಿ ಹೊರಗೆ ಆಡಿದ ಗುಂಪಿನ ಶೇ. 30ರಷ್ಟು ಮಕ್ಕಳಿಗೆ ಸಮೀಪದೃಷ್ಟಿ ಬಂತು, ಉಳಿದ ಗುಂಪಿನಲ್ಲಿ ಶೇ. 39ಕ್ಕೂ ಹೆಚ್ಚು. ನಾಸಿಕ್‌ನ ಗೋಲ್ಫ್ ಕ್ಲಬ್ ಮೈದಾನವಾಗಲಿ, ಸಂಭಾಜಿನಗರದ ಸಿದ್ಧಾರ್ಥ ಉದ್ಯಾನವಾಗಲಿ ಮನೆಯಿಂದ ದೂರವಾದರೆ ಬೇಡ, ಗಲ್ಲಿಯ ಕ್ರಿಕೆಟ್ ಸಾಕು. ಬೇಕಾದದ್ದು ಆಕಾಶದ ಬೆಳಕು.

ಇನ್ನು ಕೈ. ಸ್ಟೀಮ್ ಡೆಕ್‌ನ ಒಎಲ್‌ಇಡಿ ಮಾದರಿ 640 ಗ್ರಾಂ, ಲೀಜನ್ ಗೋ ತನ್ನ ಹಿಡಿಕೆಗಳೊಂದಿಗೆ 854 ಗ್ರಾಂ. ಒಂದು ಮೊಬೈಲಿನ ಮೂರು ನಾಲ್ಕು ಪಟ್ಟು ಭಾರವನ್ನು ಗಾಳಿಯಲ್ಲಿ ಹಿಡಿದು, ಎರಡೂ ಹೆಬ್ಬೆರಳಿಂದ ಎಡೆಬಿಡದೆ ಒತ್ತುವ ಕೆಲಸ ಇದು. ಗೇಮಿಂಗ್‌ನಿಂದ ಹೆಬ್ಬೆರಳು ನೋಯುವುದು ಹೊಸ ಕಾಯಿಲೆಯಲ್ಲ. 1990ರಲ್ಲೇ ಅಮೆರಿಕದ ವೈದ್ಯರೊಬ್ಬರು, ಐದು ಗಂಟೆ ನಿಂಟೆಂಡೊ ಆಡಿ ಹೆಬ್ಬೆರಳು ನೋಯಿಸಿಕೊಂಡ 35 ವರ್ಷದ ಮಹಿಳೆಯ ಬಗ್ಗೆ ವೈದ್ಯಕೀಯ ಪತ್ರಿಕೆಗೆ ಬರೆದು ಅದಕ್ಕೆ 'ನಿಂಟೆಂಡಿನೈಟಿಸ್' ಎಂದು ಹೆಸರಿಟ್ಟರು. (ಹೆಬ್ಬೆರಳು ನೋಯುವುದು ಮಕ್ಕಳಿಗಷ್ಟೇ ಅಲ್ಲ ಎನ್ನುವುದಕ್ಕೆ ಇದೊಂದು ಸಾಕ್ಷಿ.) ಹೆಬ್ಬೆರಳ ಬುಡದಿಂದ ಮಣಿಕಟ್ಟಿನವರೆಗೆ ನೋವು, ಬಿಸಿ ತವೆ ಎತ್ತುವಾಗ ಅಥವಾ ಕೀಲಿ ತಿರುಗಿಸುವಾಗ ಚಳಕು ಬಂದರೆ ಅದು ಸ್ನಾಯುರಜ್ಜಿನ ಹೊದಿಕೆ ಊದಿದ್ದರ ಲಕ್ಷಣ ಇರಬಹುದು. ಆಟ ಬಿಟ್ಟು ಒಂದೆರಡು ವಾರವಾದರೂ ಇಳಿಯದಿದ್ದರೆ ಮೂಳೆ ವೈದ್ಯರಿಗೆ ತೋರಿಸಿ. ಎಣ್ಣೆ ಹಚ್ಚಿ ತಿಕ್ಕಿ ಮತ್ತೆ ಆಡಲು ಕೂರುವುದು ಬೇಡ.

ಇದಕ್ಕೆ ಆಟದ ಆಯ್ಕೆಯಲ್ಲೇ ಮದ್ದಿದೆ. ಒಬ್ಬರಾದ ಮೇಲೆ ಒಬ್ಬರು ನಡೆ ಇಡುವ ಚದುರಂಗದಂಥ ಆಟ, ಒಗಟಿನ ಆಟ, ಕಥೆಯ ಆಟಗಳಲ್ಲಿ ಬೆರಳಿಗೆ ಬಿಡುವಿರುತ್ತದೆ. ಗುಂಡು ಹಾರಿಸುವ, ಒಂದೇ ಬಟನ್ನು ಪಟಪಟ ಒತ್ತುವ ಆಟದಲ್ಲಿ ಇರುವುದಿಲ್ಲ. ಅಂಥದ್ದೇ ಬೇಕೆಂದರೆ ಸೆಟ್ಟಿಂಗ್ಸ್‌ನಲ್ಲಿ 'ಪದೇ ಪದೇ ಒತ್ತುವ ಬದಲು ಹಿಡಿದುಕೊಳ್ಳಿ' ಎಂಬ ಆಯ್ಕೆ ಇದೆಯೇ ನೋಡಿ, ಈಚಿನ ಹಲವು ಆಟಗಳಲ್ಲಿ ಇರುತ್ತದೆ. 2018ರ ಸೆಲೆಸ್ಟ್ ಎಂಬ ಕಷ್ಟದ ಆಟದಲ್ಲೇ ವೇಗ ಇಳಿಸುವ 'ಅಸಿಸ್ಟ್ ಮೋಡ್' ಇದೆ. ಮೊಣಕೈ ಕೆಳಗೆ ದಿಂಬು ಇಟ್ಟರೆ ಅರ್ಧ ಭಾರ ಇಳಿದಂತೆ. ಟಿವಿಗೆ ವಯರು ಹಾಕಿ ಜೋಡಿಸಿ ದೂರ ಕೂತು ಆಡಲೂ ಈ ಯಂತ್ರಗಳಲ್ಲಿ ಬರುತ್ತದೆ.

ಈಗ ಮುಖ್ಯ ಮಾತಿಗೆ ಬರೋಣ. "ಊಟಕ್ಕೆ ಬಾರೋ" ಎಂದು ಅಮ್ಮ ಕರೆದರೆ "ಇನ್ನೈದು ನಿಮಿಷ" ಎನ್ನುವ ಮಗ ಯಾವಾಗಲೂ ಸುಳ್ಳು ಹೇಳುತ್ತಿರುವುದಿಲ್ಲ. ಆನ್‌ಲೈನಿನಲ್ಲಿ ನಾಲ್ಕು ಜನರೊಡನೆ ಆಡುವ ಪಂದ್ಯವನ್ನು ನಡುವೆ ನಿಲ್ಲಿಸಲು ಆಗುವುದಿಲ್ಲ. ಎದ್ದರೆ ಸಂಗಡಿಗರು ಸೋಲುತ್ತಾರೆ, ಬೈಯುತ್ತಾರೆ. ಜಗಳ ಹುಟ್ಟುವುದು ಇಲ್ಲಿ, ನಿದ್ದೆ ಜಾರುವುದೂ ಇಲ್ಲಿ. ಒಬ್ಬರೇ ಆಡುವ ಆಫ್‌ಲೈನ್ ಆಟವಾದರೆ ಯಂತ್ರದ ಮೇಲಿನ ಬಟನ್ನು ಒತ್ತಿದರೆ ಸಾಕು, ಆಟ ಇದ್ದಲ್ಲೇ ನಿದ್ದೆ ಹೋಗುತ್ತದೆ. ಊಟ ಮಾಡಿ ಬಂದು ಅಲ್ಲಿಂದಲೇ ಮುಂದುವರಿಸಬಹುದು. ಸ್ಟೀಮ್ ಡೆಕ್‌ನಲ್ಲಿ ಇದು ಬಲು ಸಲೀಸು. ಹಾಗಾಗಿ ಕೈಯಲ್ಲಿ ಹಿಡಿಯುವ ಯಂತ್ರಕ್ಕೆ ನನ್ನ ಮೊದಲ ಮತ ಆಫ್‌ಲೈನ್ ಆಟಕ್ಕೆ.

ಹೆಸರು ಹಿಡಿದೇ ಹೇಳುತ್ತೇನೆ. ಸ್ಟಾರ್‌ಡ್ಯೂ ವ್ಯಾಲಿ 2016ರ ಆಟ, ಎರಿಕ್ ಬರೋನ್ ಎಂಬಾತ ಒಬ್ಬನೇ ಕೂತು ಮಾಡಿದ್ದು. ಪಾಳುಬಿದ್ದ ಹೊಲ ಹಸನು ಮಾಡಿ ಬೆಳೆ ತೆಗೆಯಬೇಕು, ಊರಲ್ಲಿ ಹೊಲ ಬಿಟ್ಟು ಬಂದವರಿಗೆ ಹಿಡಿಸೀತು. ಅದರ ಒಂದು ದಿನ ನಮ್ಮ ಸುಮಾರು 14 ನಿಮಿಷ. ದಿನ ಮುಗಿದು ಮಲಗಿದಾಗ ಆಟ ಸೇವ್ ಆಗುತ್ತದೆ. "ಒಂದು ಗಂಟೆ ಆಡು" ಎಂದು ಗಡಿಯಾರ ತೋರಿಸುವುದಕ್ಕಿಂತ "ಇವತ್ತು ಹೊಲದಲ್ಲಿ ನಾಲ್ಕು ದಿನ" ಎಂದು ಒಪ್ಪಂದ ಮಾಡಿಕೊಳ್ಳಿ. ಲೆಕ್ಕ ಒಂದೇ, ಮಗುವಿಗೆ ಮಾತ್ರ ಅರ್ಧಕ್ಕೆ ಎಬ್ಬಿಸಿದ ಸಿಟ್ಟು ಇರುವುದಿಲ್ಲ. ಆದರೆ ಒಪ್ಪಂದ ಬೇಕೇ ಬೇಕು, ಏಕೆಂದರೆ ಐದನೇ ದಿನ ತಾನಾಗಿ ಶುರುವಾಗಿಬಿಡುತ್ತದೆ.

2021ರ ಅನ್‌ಪ್ಯಾಕಿಂಗ್‌ನಲ್ಲಿ ಮನೆ ಬದಲಿಸಿ ಡಬ್ಬ ಬಿಚ್ಚಿ ಸಾಮಾನು ಜೋಡಿಸುವುದೇ ಆಟ. ಒಬ್ಬಳ ಬದುಕಿನ ಎಂಟು ಮನೆ ಬದಲಾವಣೆ, 1997ರಿಂದ 2018ರವರೆಗೆ. ಸಾತ್ಪುರದಿಂದ ಅಂಬಡಕ್ಕೆ, ಅಲ್ಲಿಂದ ಚಿಕಲಠಾಣಾಕ್ಕೆ ಗಂಟು ಕಟ್ಟಿ ತಿರುಗಿದವರಿಗೆ ಇದರ ಸುಖ ಹೇಳಿಕೊಡಬೇಕಿಲ್ಲ. ವೆಂಬಾ ಎಂಬ 2023ರ ಆಟವನ್ನು ಮಾತ್ರ ತಾಯಿ ಮಕ್ಕಳು ಜೊತೆಗೇ ಆಡಬೇಕು. ಕೆನಡಾಕ್ಕೆ ಹೋದ ತಮಿಳು ಕುಟುಂಬದ ಕಥೆ. ಅಮ್ಮನ ಹರಿದ ಅಡುಗೆ ಪುಸ್ತಕ ಹಿಡಿದು ಇಡ್ಲಿಯಿಂದ ಶುರುಮಾಡಿ ಒಂದೊಂದೇ ಅಡುಗೆ ಮಾಡಬೇಕು, ಅಷ್ಟರಲ್ಲಿ ಮಗ ಬೆಳೆಯುತ್ತ ತಾಯ್ನುಡಿಯಿಂದ ದೂರ ಸರಿಯುತ್ತಾನೆ. ಮನೆಯಲ್ಲಿ ಕನ್ನಡ, ಗಲ್ಲಿಯಲ್ಲಿ ಮರಾಠಿ, ಶಾಲೆಯಲ್ಲಿ ಸೆಮಿ ಇಂಗ್ಲಿಷ್ ಅನ್ನುವ ನಮ್ಮ ಮಕ್ಕಳ ಕಥೆಯೂ ಹೌದು. ಎರಡು ಗಂಟೆಯೊಳಗೆ ಮುಗಿಯುತ್ತದೆ, ಗುಂಡಿಲ್ಲ, ರಕ್ತವಿಲ್ಲ.

ಹೊಡೆದಾಟವೇ ಬೇಕೆನ್ನುವ ದೊಡ್ಡ ಹುಡುಗರಿಗೆ ಪುಣೆಯ ನಾಡಿಂಗ್ ಹೆಡ್ಸ್ ಗೇಮ್ಸ್ 2020ರಲ್ಲಿ ತಂದ ರಾಜಿ ಇದೆ. ತಮ್ಮನನ್ನು ಹುಡುಕಿ ಹೊರಟ ಹುಡುಗಿ ಅಸುರರೊಡನೆ ಕಾದುವ ಕಥೆ, ನಮ್ಮದೇ ಪುರಾಣದ ಲೋಕ. ವ್ಯಾಂಪೈರ್ ಸರ್ವೈವರ್ಸ್ ಎಂಬುದನ್ನೂ ಹುಡುಗರು ಕೇಳುತ್ತಾರೆ. ಒಂದು ಸುತ್ತು ಹೆಚ್ಚಾಗಿ 30 ನಿಮಿಷಕ್ಕೆ ಮುಗಿಯುತ್ತದೆ ನಿಜ, ಆದರೆ ಪರದೆ ತುಂಬ ಮಿಂಚು. ಮಿಂಚು ಆರಿಸುವ ಆಯ್ಕೆ ಅದರಲ್ಲೇ ಇದೆ, ಆರಿಸಿಯೇ ಕೊಡಿ. ಮನೆಯಲ್ಲಿ ಯಾರಿಗಾದರೂ ಫಿಟ್ಸ್ ಇದ್ದರೆ ಮಿಂಚುವ ಆಟವೇ ಬೇಡ, ವೈದ್ಯರನ್ನು ಕೇಳಿ ಮುಂದುವರಿಯಿರಿ. 1997ರ ಡಿಸೆಂಬರಿನಲ್ಲಿ ಜಪಾನಿನಲ್ಲಿ ಪೊಕೆಮಾನ್ ಕಾರ್ಟೂನಿನ ಒಂದು ಮಿನುಗುವ ದೃಶ್ಯ ನೋಡಿ 600ಕ್ಕೂ ಹೆಚ್ಚು ಮಂದಿ, ಬಹುತೇಕ ಮಕ್ಕಳೇ, ಆಸ್ಪತ್ರೆ ಸೇರಿದ್ದರು.

ಪ್ರಯಾಣದ ಬಗ್ಗೆ ಒಂದು ಮಾತು. ನಾಸಿಕ್‌ನಿಂದ ಯೇವಲಾ, ವೈಜಾಪುರ ದಾಟಿ ಸಂಭಾಜಿನಗರಕ್ಕೆ ಹೋಗುವ ಎಸ್ಟಿ ಬಸ್ಸಿನಲ್ಲಿ ಯಂತ್ರ ಚೀಲದಲ್ಲೇ ಇರಲಿ. ಕಿವಿಯೊಳಗಿನ ಸಮತೋಲನದ ಅಂಗ "ಓಡುತ್ತಿದ್ದೇವೆ" ಎನ್ನುತ್ತದೆ, ಕಣ್ಣು "ಕೂತಿದ್ದೇವೆ" ಎನ್ನುತ್ತದೆ. ಈ ತಕರಾರಿಗೇ ವಾಂತಿ ಬರುವುದು. ರೈಲಿನಲ್ಲಿ ನಿಧಾನದ ಆಟ ನಡೆದೀತು. ಮನೆಯಲ್ಲೂ ಕೆಲವರಿಗೆ, ಆಟಗಾರನ ಕಣ್ಣಿನಿಂದಲೇ ಎಲ್ಲ ಕಾಣುವ ಆಟಗಳಲ್ಲಿ ತಲೆ ತಿರುಗುತ್ತದೆ. ಕ್ಯಾಮೆರಾ ಅಲುಗುವುದನ್ನು, ಚಿತ್ರ ಮಸುಕಾಗುವುದನ್ನು ಸೆಟ್ಟಿಂಗ್ಸ್‌ನಲ್ಲಿ ಆರಿಸಿದರೆ ಬಹುಮಟ್ಟಿಗೆ ಕಡಿಮೆಯಾಗುತ್ತದೆ.

'ಉಚಿತ' ಎಂಬ ಆಟಗಳ ಬಗ್ಗೆ ಹುಷಾರಾಗಿರಿ. ಆಟ ಪುಕ್ಕಟೆ, ಒಳಗೆ ಬಟ್ಟೆ, ಬಂದೂಕು, ಏನು ಸಿಗುತ್ತದೆಂದು ತಿಳಿಯದ ಲೂಟ್ ಬಾಕ್ಸ್ ಕೊಳ್ಳಲು ಯುಪಿಐ. ಬೆಲ್ಜಿಯಂ 2018ರಲ್ಲೇ ಇಂಥ ಪೆಟ್ಟಿಗೆಗಳನ್ನು ಜೂಜೆಂದು ಕರೆದಿತು. ಒಮ್ಮೆ ಹಣ ಕೊಟ್ಟು ಮುಗಿಯುವ ಆಟವೇ ಕೊನೆಗೆ ಅಗ್ಗ. ಸ್ಟೀಮ್‌ನ 'ಫ್ಯಾಮಿಲೀಸ್' ಸೌಲಭ್ಯದಲ್ಲಿ ಯಾವ ಆಟ, ದಿನಕ್ಕೆ ಎಷ್ಟು ಹೊತ್ತು ಎಂದು ದೊಡ್ಡವರು ನಿಗದಿ ಮಾಡಬಹುದು. ಐದರೊಳಗಿನ ಮಕ್ಕಳ ಕೈಗೆ ಇದನ್ನು ಕೊಡಲೇಬೇಡಿ. ರಾತ್ರಿ ಮಲಗುವ ಒಂದು ಗಂಟೆ ಮೊದಲೇ ಯಂತ್ರ ಚಾರ್ಜಿಗೆ ಹೋಗಲಿ, ಅದೂ ಹಾಸಿಗೆ ದಿಂಬಿನಿಂದ ದೂರ.

ಗೇಮ್ ಆಡುವವರೆಲ್ಲ ಚಟಕ್ಕೆ ಬಿದ್ದವರಲ್ಲ. ವಿಶ್ವ ಆರೋಗ್ಯ ಸಂಸ್ಥೆ 2022ರ ಜನವರಿಯಿಂದ ಜಾರಿಗೆ ತಂದ ರೋಗಗಳ ಪಟ್ಟಿಯಲ್ಲಿ ಗೇಮಿಂಗ್ ಡಿಸಾರ್ಡರ್ ಸೇರಿದೆ, ಆದರೆ ಅದರ ಲಕ್ಷಣ ಬಿಗಿಯಾದದ್ದು. ಹತೋಟಿ ತಪ್ಪಿರಬೇಕು, ಊಟ, ಓದು, ಗೆಳೆತನ ಎಲ್ಲಕ್ಕಿಂತ ಆಟವೇ ಮೇಲಾಗಿರಬೇಕು, ಕೆಡುಕಾಗುತ್ತಿದ್ದರೂ ಬಿಡಲಾಗದೆ ಇರಬೇಕು, ಇದೆಲ್ಲ ಸಾಮಾನ್ಯವಾಗಿ 12 ತಿಂಗಳು ನಡೆದಿರಬೇಕು. ಪರಊರಿನಲ್ಲಿ ಹೊಸ ಶಾಲೆ ಸೇರಿದ ಹುಡುಗ ಎರಡು ವಾರ ಆಟದಲ್ಲೇ ಮುಳುಗಿದ್ದರೆ, ಅವನಿಗಿನ್ನೂ ಇಲ್ಲಿ ಗೆಳೆಯರು ಸಿಕ್ಕಿಲ್ಲವೇನೋ ಎಂದು ಮೊದಲು ವಿಚಾರಿಸಿ. ಯಂತ್ರ ಕಸಿಯುವ ಮೊದಲು ಒಂದು ಸಂಜೆ ಪಕ್ಕದಲ್ಲಿ ಕೂತು ಅವನು ಏನು ಆಡುತ್ತಾನೆ ನೋಡಿ.

ತಿಂಗಳುಗಟ್ಟಲೆ ನಿದ್ದೆ, ಶಾಲೆ, ಮಾತು ಎಲ್ಲ ಕೆಡುತ್ತಿದ್ದರೆ ಕಾಯಬೇಡಿ. ಸರ್ಕಾರದ ಟೆಲಿ ಮಾನಸ್ ಸಹಾಯವಾಣಿ 14416, ಕರೆ ಉಚಿತ, ಹಗಲು ರಾತ್ರಿ ಇರುತ್ತದೆ. ಮಹಾರಾಷ್ಟ್ರದಲ್ಲಿದ್ದರೂ ಭಾಷೆಯ ಆಯ್ಕೆಯಲ್ಲಿ ಕನ್ನಡ ಕೇಳಿ. ಊರ ಕಡೆ ಹೋದಾಗ ಬೆಂಗಳೂರಿಗೆ ಹೋಗುವವರಿದ್ದರೆ, ನಿಮ್ಹಾನ್ಸ್‌ನಲ್ಲಿ 2014ರಿಂದ ಇದಕ್ಕೆಂದೇ 'ಶಟ್ ಕ್ಲಿನಿಕ್' ನಡೆಯುತ್ತಿದೆ. ಹೋಗುವಾಗ ಮಗು ಯಾವ ಆಟ ಆಡುತ್ತದೆ, ಎಷ್ಟು ಹೊತ್ತಿಗೆ ಮಲಗುತ್ತದೆ, ಯಾವಾಗಿನಿಂದ ಹೀಗೆ ಎಂದು ಒಂದು ವಾರ ಚೀಟಿಯಲ್ಲಿ ಬರೆದಿಟ್ಟು ಒಯ್ಯಿರಿ. ವೈದ್ಯರು ಮೊದಲು ಕೇಳುವುದು ಅದನ್ನೇ.